ಸ್ಟಾಕ್‌ಹೋಮ್‌ನಲ್ಲಿ ಪ್ರೈವೇಟ್ ಗೈಡ್ ಜೊತೆ ನಡಿಗೆ: ಬುಕ್ಕಿಂಗ್‌ನಿಂದ ಕೊನೆಯ ಓಣಿಯವರೆಗೆ

ಸ್ವೀಡನ್‌ನ ರಾಜಧಾನಿ ಸ್ಟಾಕ್‌ಹೋಮ್ 14 ದ್ವೀಪಗಳ ಮೇಲೆ ಹರಡಿಕೊಂಡಿರುವ ಊರು. ಮೆಲಾರೆನ್ ಸರೋವರದ ನೀರು ಬಾಲ್ಟಿಕ್ ಸಮುದ್ರಕ್ಕೆ ಇಳಿಯುವ ಜಾಗ ಇದು. ಟೂರಿಸ್ಟ್ ಬಸ್ಸು ಹತ್ತಿದರೆ ಸೇತುವೆ, ನೀರು, ದೊಡ್ಡ ಕಟ್ಟಡಗಳು ಕಾಣುತ್ತವೆ. ಆದರೆ ಊರು ಹುಟ್ಟಿದ ಓಣಿಗಳ ಒಳಗೆ ಬಸ್ಸು ಹೋಗುವುದೇ ಇಲ್ಲ. ಅಲ್ಲಿಗೆ ಕಾಲೇ ಗತಿ.

ಶಿಸ್ತಾ, ಸೋಲ್ನಾ ಕಡೆ ಐಟಿ, ಟೆಲಿಕಾಂ ಕೆಲಸದಲ್ಲಿರುವ ಕನ್ನಡಿಗರು ಸಾಕಷ್ಟು ಜನ ಇದ್ದೇವೆ. ಬೇಸಿಗೆ ಬಂತೆಂದರೆ ಊರಿಂದ ಅಪ್ಪ, ಅಮ್ಮ, ಅತ್ತೆ, ಮಾವ ಬರುತ್ತಾರೆ. ಅವರನ್ನು ಇಪ್ಪತ್ತೈದು ಜನರ ಗುಂಪಿನಲ್ಲಿ, ಛತ್ರಿ ಎತ್ತಿ ಹಿಡಿದವರ ಹಿಂದೆ ಓಡಿಸುವುದು ಬೇಡ ಅಂತ ಅನಿಸಿದರೆ ಪ್ರೈವೇಟ್ ಗೈಡ್ ಒಳ್ಳೆಯ ದಾರಿ. ಊರಿಂದ ಪ್ರವಾಸಕ್ಕೆ ಬರುವವರಿಗೂ ಅಷ್ಟೇ. ಇದಕ್ಕೆ ಕೊಡುವ ದುಡ್ಡು ದೊಡ್ಡದು. ಅದು ಸಾರ್ಥಕ ಆಗಬೇಕಾದರೆ ಕಡಿಮೆ ನಡೆಯಬೇಕು, ಜಾಸ್ತಿ ನಿಲ್ಲಬೇಕು. ಈ ಬರಹದ ಉಳಿದ ಸಲಹೆಗಳೆಲ್ಲ ಆ ಮಾತಿನ ಸುತ್ತಲೇ ಇವೆ.

ಹೆಜ್ಜೆ 1: ಯಾವ ಕೆಲಸಕ್ಕೆ ಗೈಡ್ ಬೇಕು ಅಂತ ಮೊದಲು ತೀರ್ಮಾನಿಸಿ

ಜನ ಸಾಮಾನ್ಯವಾಗಿ ಒಂದೇ ಟೂರ್‌ನಲ್ಲಿ ಹಳೆಯ ಊರು, ಸಿಟಿ ಹಾಲ್, ವಾಸಾ ಎಂಬ ಹಳೆಯ ಹಡಗು ಇರುವ ವಾಸಾ ಮ್ಯೂಸಿಯಂ ಎಲ್ಲವನ್ನೂ ತುಂಬಿಸಲು ನೋಡುತ್ತಾರೆ. ಇದು ಬೇಡ.

ಕಾರಣ ಸರಳ. ಸಿಟಿ ಹಾಲ್ ಒಳಗೆ ನಿಮ್ಮಷ್ಟಕ್ಕೆ ನೀವು ಓಡಾಡಲು ಬಿಡುವುದಿಲ್ಲ, ಗೈಡೆಡ್ ಟೂರ್‌ನಲ್ಲೇ ಹೋಗಬೇಕು. ಅದನ್ನು ಸಿಟಿ ಹಾಲ್‌ನವರೇ ಇಂಗ್ಲಿಷ್‌ನಲ್ಲಿ ನಡೆಸುತ್ತಾರೆ. ವಾಸಾ ಮ್ಯೂಸಿಯಂನಲ್ಲಿ ಟಿಕೆಟ್ ತೆಗೆದುಕೊಂಡವರಿಗೆ ಮ್ಯೂಸಿಯಂನವರದೇ ಇಂಗ್ಲಿಷ್ ಟೂರ್ ಇರುತ್ತದೆ. ಅಲ್ಲಿಗೆ ನಿಮ್ಮ ಗೈಡನ್ನೂ ಕರೆದುಕೊಂಡು ಹೋದರೆ ಒಂದೇ ಕೆಲಸಕ್ಕೆ ಎರಡು ಸಲ ದುಡ್ಡು ಕೊಟ್ಟಂತೆ.

ಪ್ರೈವೇಟ್ ಗೈಡ್‌ನ ನಿಜವಾದ ಉಪಯೋಗ ಬೀದಿಯಲ್ಲಿ. ಗೋಡೆಯಲ್ಲಿ ಹೂತ ಕಲ್ಲು, ಬಾಗಿಲ ಮೇಲಿನ ಕೆತ್ತನೆ, ಅಂಗಳದ ಮೂಲೆಯಲ್ಲಿ ಕೂತ ಪುಟ್ಟ ಬೊಂಬೆ, ಇವಕ್ಕೆಲ್ಲ ಟಿಕೆಟ್ ಇಲ್ಲ, ಸರಿಯಾದ ಬೋರ್ಡೂ ಇಲ್ಲ. ಹೇಳುವವರು ಇಲ್ಲದಿದ್ದರೆ ಎದುರಿಗೇ ಇದ್ದರೂ ಕಾಣುವುದಿಲ್ಲ. ಆದ್ದರಿಂದ ಗೈಡನ್ನು ಹಳೆಯ ಊರು ಗಾಮ್ಲಾ ಸ್ತಾನ್‌ಗೆ ಇಟ್ಟುಕೊಳ್ಳಿ. ಸಮಯ ಉಳಿದರೆ ಪಕ್ಕದ ರಿದ್ದಾರ್‌ಹೋಲ್ಮೆನ್ ದ್ವೀಪ ಸೇರಿಸಿ. ಎರಡೂವರೆಯಿಂದ ಮೂರು ಗಂಟೆಗೆ ಇಷ್ಟು ಸಾಕು.

ಹೆಜ್ಜೆ 2: ತಿಂಗಳು, ವಾರ, ಹೊತ್ತು

ಮೇ ಕೊನೆಯಿಂದ ಸೆಪ್ಟೆಂಬರ್ ಮಧ್ಯದವರೆಗೆ ನಡೆಯಲು ಹಿತ. ಜೂನ್‌ನಲ್ಲಿ ಸೂರ್ಯ ಮುಳುಗುವುದು ರಾತ್ರಿ ಸುಮಾರು ಹತ್ತಕ್ಕೆ. ಆದರೆ ಜೂನ್, ಜುಲೈನಲ್ಲಿ ಕ್ರೂಸ್ ಹಡಗುಗಳಿಂದ ಇಳಿದ ಜನ ಗಾಮ್ಲಾ ಸ್ತಾನ್ ತುಂಬಿಕೊಳ್ಳುತ್ತಾರೆ. ಹಾಗಾಗಿ ಬೆಳಿಗ್ಗೆ ಒಂಬತ್ತಕ್ಕೇ ಶುರು ಮಾಡಿ. ಹತ್ತೂವರೆ ದಾಟಿದ ಮೇಲೆ ಸಣ್ಣ ಓಣಿಗಳಲ್ಲಿ ಗೈಡ್ ಮಾತು ಕೇಳಿಸಿಕೊಳ್ಳುವುದೇ ಕಷ್ಟ.

ಒಂದು ದಿನವನ್ನು ಕ್ಯಾಲೆಂಡರ್‌ನಲ್ಲಿ ಗುರುತು ಮಾಡಿಕೊಳ್ಳಿ: ಮಿಡ್‌ಸಮ್ಮರ್ ಹಬ್ಬದ ಶುಕ್ರವಾರ. ಅದು ಜೂನ್ 19ರಿಂದ 25ರ ಒಳಗೆ ಬರುತ್ತದೆ. ಊರಿನವರೆಲ್ಲ ಹಳ್ಳಿಗೆ, ದ್ವೀಪಕ್ಕೆ ಹೊರಟುಬಿಡುತ್ತಾರೆ. ಅಂಗಡಿ, ಕೆಫೆ ಬಹಳಷ್ಟು ಮುಚ್ಚಿರುತ್ತವೆ. ಅವತ್ತು ಟೂರ್ ಇಟ್ಟುಕೊಳ್ಳಬೇಡಿ.

ಡಿಸೆಂಬರ್‌ನಲ್ಲಿ ಬೆಳಕು ಇರುವುದೇ ಆರು ಗಂಟೆ. ಆದರೂ ಸ್ಟೂರ್‌ಟೋರ್ಯೆಟ್ ಚೌಕದ ಕ್ರಿಸ್‌ಮಸ್ ಸಂತೆಗಾಗಿ ಬರುವವರಿದ್ದಾರೆ, ಅದು ನೋಡುವಂಥದ್ದೇ. ಆಗ ಟೂರ್‌ನ ಅವಧಿಯನ್ನು ಒಂದೂವರೆ ಗಂಟೆಗೆ ಇಳಿಸಿ, ಮಧ್ಯಾಹ್ನದೊಳಗೆ ಮುಗಿಸಿ. ಹಿಮ ಬಿದ್ದಾಗ ಕಲ್ಲುಹಾಸು ಜಾರುತ್ತದೆ. ಶೂ ಅಡಿಗೆ ಸಿಕ್ಕಿಸುವ ಮುಳ್ಳಿನ ಪಟ್ಟಿ ಇಲ್ಲಿನ ಅಂಗಡಿಗಳಲ್ಲಿ ಸಿಗುತ್ತದೆ, ದೊಡ್ಡವರಿಗೆ ತಪ್ಪದೆ ಕೊಡಿಸಿ. ಗೋಡೆಗೆ ಒರಗಿಸಿದ ಉದ್ದ ಕೋಲುಗಳು ಕಂಡರೆ ಆ ಕಡೆ ನಡೆಯಬೇಡಿ. ಚಾವಣಿಯಿಂದ ಹಿಮ, ಮಂಜುಗಡ್ಡೆ ಬೀಳಬಹುದು ಅಂತ ಎಚ್ಚರಿಸಲು ಇಟ್ಟಿರುತ್ತಾರೆ.

ಭಾರತದಿಂದ ಬರುವವರು ಶೆಂಗೆನ್ ವೀಸಾ ಕೈಗೆ ಬರುವ ಮೊದಲು, ವಾಪಸ್ ಬಾರದ ಅಡ್ವಾನ್ಸ್ ಯಾರಿಗೂ ಕೊಡಬೇಡಿ. ಪ್ರಯಾಣಕ್ಕೆ ಆರು ತಿಂಗಳು ಇರುವಾಗಿನಿಂದಲೇ ಅರ್ಜಿ ಹಾಕಬಹುದು. ಬೇಸಿಗೆಯ ಅಪಾಯಿಂಟ್‌ಮೆಂಟ್‌ಗಳು ಬೇಗ ತುಂಬಿಹೋಗುತ್ತವೆ.

ಹೆಜ್ಜೆ 3: ಗೈಡ್ ಹುಡುಕುವುದು, ಆರಿಸುವುದು

ಸ್ವೀಡನ್‌ನಲ್ಲಿ ಗೈಡ್ ಕೆಲಸಕ್ಕೆ ಸರ್ಕಾರಿ ಲೈಸೆನ್ಸ್ ಕಡ್ಡಾಯ ಇಲ್ಲ. ಯಾರು ಬೇಕಾದರೂ ಗೈಡ್ ಅಂತ ಹೇಳಿಕೊಳ್ಳಬಹುದು. ಅದರ ನಡುವೆ ತರಬೇತಿ ಪಡೆದು, ಪರೀಕ್ಷೆ ಪಾಸಾದ ‘ಅಧಿಕೃತ ಸ್ಟಾಕ್‌ಹೋಮ್ ಗೈಡ್’ಗಳೂ ಇದ್ದಾರೆ. ಊರಿನ ಚರಿತ್ರೆಯಲ್ಲಿ ಆಸಕ್ತಿ ಇದ್ದರೆ ಇವರನ್ನೇ ಹುಡುಕಿ. ಆನ್‌ಲೈನ್ ಬುಕ್ಕಿಂಗ್ ತಾಣಗಳಲ್ಲಿ ಸಿಗುವ ಬೇರೆಯವರು ಕೆಟ್ಟವರು ಅಂತಲ್ಲ. ಆದರೆ ಅಲ್ಲಿ ಟೂರ್‌ನ ಫೋಟೋ ನೋಡಿ ಬುಕ್ ಮಾಡುತ್ತೀರಿ, ಬರುವ ಮನುಷ್ಯ ಯಾರು ಅಂತ ಮೊದಲೇ ಗೊತ್ತಿರುವುದಿಲ್ಲ. ಯಾರು ಬರುತ್ತಾರೆ ಅಂತ ಹೆಸರು ಕೇಳಿ, ಸಾಧ್ಯವಾದರೆ ಅವರ ಜೊತೆಗೇ ನೇರವಾಗಿ ಮೇಲ್‌ನಲ್ಲಿ ಮಾತಾಡಿ.

ದರದ ಲೆಕ್ಕ ಹೀಗಿರುತ್ತದೆ. ಪ್ರೈವೇಟ್ ಗೈಡ್ ಸಾಮಾನ್ಯವಾಗಿ ತಲೆಗೆ ಇಷ್ಟು ಅಂತಲ್ಲ, ಗುಂಪಿಗೆ ಇಷ್ಟು, ಗಂಟೆಗೆ ಇಷ್ಟು ಅಂತ ತೆಗೆದುಕೊಳ್ಳುತ್ತಾರೆ. ಕನಿಷ್ಠ ಎರಡು ಅಥವಾ ಮೂರು ಗಂಟೆ ಅಂತ ಇರುತ್ತದೆ. ಇಬ್ಬರೇ ಹೋದರೆ ದುಬಾರಿ, ಆರು ಜನ ಸೇರಿದರೆ ಒಬ್ಬೊಬ್ಬರ ಪಾಲು ಚಿಕ್ಕದಾಗುತ್ತದೆ. ಪಕ್ಕದ ಮನೆಯ ಕನ್ನಡದವರ ಅಪ್ಪ ಅಮ್ಮನೂ ಬಂದಿದ್ದರೆ ಸೇರಿಸಿಕೊಳ್ಳಿ. ಆದರೆ ಆರೇಳು ಜನ ದಾಟಿದರೆ ಅದು ಮತ್ತೆ ಗುಂಪಿನ ಟೂರೇ ಆಗಿಬಿಡುತ್ತದೆ.

ಒಪ್ಪುವ ಮೊದಲು ನಾಲ್ಕು ವಿಷಯ ಬರಹದಲ್ಲಿ ಕೇಳಿ. ದರದಲ್ಲಿ ಮೊಮ್ಸ್, ಅಂದರೆ ಇಲ್ಲಿನ ಮಾರಾಟ ತೆರಿಗೆ, ಸೇರಿದೆಯಾ? (ಸೇರಿಲ್ಲ ಅಂದರೆ ಬಿಲ್ ನೋಡಿ ಬೆಚ್ಚಿಬೀಳುತ್ತೀರಿ, ಸಾಮಾನ್ಯ ದರ ಶೇ. 25.) ಶನಿವಾರ, ಭಾನುವಾರ, ಸಂಜೆಗೆ ಹೆಚ್ಚು ತೆಗೆದುಕೊಳ್ಳುತ್ತಾರಾ? ಚರ್ಚು, ಮ್ಯೂಸಿಯಂ ಟಿಕೆಟ್ ಯಾರ ಲೆಕ್ಕ? ಎಷ್ಟು ದಿನ ಮುಂಚೆ ರದ್ದು ಮಾಡಿದರೆ ದುಡ್ಡು ವಾಪಸ್?

ಹೆಜ್ಜೆ 4: ಗೈಡ್‌ಗೆ ಬರೆಯುವ ಮೇಲ್

ನನ್ನ ಪ್ರಕಾರ ಇಡೀ ಟೂರ್ ಚೆನ್ನಾಗಿ ಆಗುವುದು, ಹಾಳಾಗುವುದು ಈ ಒಂದು ಮೇಲ್‌ನಲ್ಲೇ. ‘ನಾಲ್ಕು ಜನ, ಮಂಗಳವಾರ, ಹಳೆಯ ಊರು’ ಅಂತ ಬರೆದರೆ ಅವರು ಎಲ್ಲರಿಗೂ ಹೇಳುವುದನ್ನೇ ನಿಮಗೂ ಹೇಳುತ್ತಾರೆ. ಸ್ವಲ್ಪ ಬಿಡಿಸಿ ಬರೆಯಿರಿ. ಉದಾಹರಣೆಗೆ ಇಂಥ ಸಾಲುಗಳು:

“ನಾವು ನಾಲ್ಕು ಜನ. ಅಪ್ಪನಿಗೆ 70 ದಾಟಿದೆ, ಮೇಷ್ಟರಾಗಿದ್ದವರು, ರಾಜಮನೆತನಗಳ ಚರಿತ್ರೆ ಇಷ್ಟ. ಅಮ್ಮನಿಗೆ ಮಂಡಿನೋವು, ಇಪ್ಪತ್ತು ನಿಮಿಷಕ್ಕೊಮ್ಮೆ ಕೂರಲು ಜಾಗ ಬೇಕು. ಇಬ್ಬರಿಗೂ ಇಂಗ್ಲಿಷ್ ಅಷ್ಟಕ್ಕಷ್ಟೆ, ನಾನು ಕನ್ನಡಕ್ಕೆ ಹೇಳುತ್ತೇನೆ. ಶಾಪಿಂಗ್ ಬೇಡ. ಮೊಟ್ಟೆ, ಮಾಂಸ ತಿನ್ನುವುದಿಲ್ಲ. ಐದಾರು ಜಾಗ ಸಾಕು, ನಿಧಾನವಾಗಿ ನೋಡೋಣ.”

ಇಷ್ಟು ಬರೆದರೆ ಒಳ್ಳೆಯ ಗೈಡ್ ದಾರಿಯನ್ನೇ ಬದಲಾಯಿಸುತ್ತಾರೆ. ಮೆಟ್ಟಿಲು ಕಡಿಮೆ ಇರುವ ಕಡೆಯಿಂದ ಕರೆದುಕೊಂಡು ಹೋಗುತ್ತಾರೆ. ಬೆಂಚು ಎಲ್ಲಿದೆ, ಟಾಯ್ಲೆಟ್ ಎಲ್ಲಿದೆ ಅಂತ ಮೊದಲೇ ಯೋಚಿಸಿರುತ್ತಾರೆ.

ಭಾಷೆಯ ಬಗ್ಗೆ ಒಂದು ಮಾತು. ಮಗನೋ ಮಗಳೋ ಸೊಸೆಯೋ ಕನ್ನಡಕ್ಕೆ ಹೇಳುವುದಾದರೆ ಅರ್ಧ ಸಮಯ ಅದಕ್ಕೇ ಹೋಗುತ್ತದೆ. ಮೂರು ಗಂಟೆಯ ಟೂರ್‌ನಲ್ಲಿ ಗೈಡ್ ಮಾತಾಡುವುದು ಒಂದೂವರೆ ಗಂಟೆ ಅಂತಲೇ ಲೆಕ್ಕ ಹಿಡಿಯಿರಿ. ಎರಡು ಮೂರು ವಾಕ್ಯಕ್ಕೊಮ್ಮೆ ನಿಲ್ಲಿಸಿ ಅಂತ ಶುರುವಿನಲ್ಲೇ ಕೇಳಿಕೊಳ್ಳಿ. ಐದು ನಿಮಿಷದ ಕಥೆಯನ್ನು ಪೂರ್ತಿ ಕೇಳಿ ಆಮೇಲೆ ಹೇಳಲು ಹೋದರೆ ಅರ್ಧ ಮರೆತಿರುತ್ತದೆ. ಅಷ್ಟು ಹೊತ್ತು ಅಪ್ಪ ಅಮ್ಮ ಸುಮ್ನೆ ನಿಂತಿರಬೇಕು, ಅಲ್ವಾ? ಹಿಂದಿನ ರಾತ್ರಿ ಊಟದ ಹೊತ್ತಿಗೆ ಮೂರು ಹೆಸರು ಹೇಳಿಕೊಟ್ಟಿರಿ: ಊರು ಕಟ್ಟಿದವನೆಂದು ಹೇಳುವ ಬಿರ್ಯೆರ್ ಯಾರ್ಲ್, ಡೆನ್ಮಾರ್ಕ್‌ನ ದೊರೆ ಎರಡನೇ ಕ್ರಿಶ್ಚಿಯನ್, ಅವನ ವಿರುದ್ಧ ಎದ್ದು ಸ್ವೀಡನ್ನಿನ ದೊರೆಯಾದ ಗುಸ್ತಾವ್ ವಾಸಾ. ಇಷ್ಟು ತಲೆಯಲ್ಲಿದ್ದರೆ ಮರುದಿನ ಕಥೆ ತಾನಾಗಿ ಕೂಡಿಕೊಳ್ಳುತ್ತದೆ.

ಹೆಜ್ಜೆ 5: ಹೊರಡುವ ಬೆಳಿಗ್ಗೆ

ಭೇಟಿಯ ಜಾಗ ಟಿ-ಸೆಂಟ್ರಾಲೆನ್ ಮೆಟ್ರೋ ಸ್ಟೇಷನ್ ಬೇಡ. ಅಲ್ಲಿ ಹೊರಬರುವ ದಾರಿಗಳು ಹಲವು, ಒಬ್ಬರನ್ನೊಬ್ಬರು ಹುಡುಕುವುದರಲ್ಲೇ ಸಮಯ ಹೋಗುತ್ತದೆ. ಅರಮನೆ ಪಕ್ಕದ ಸ್ಲಾಟ್ಸ್‌ಬಾಕೆನ್ ಇಳಿಜಾರಿನ ಮೇಲ್ತುದಿಯಲ್ಲಿ ಸೇರಿ. ಐದು ನಿಮಿಷ ಮೊದಲೇ ಇರಿ. ಇಲ್ಲಿ ಒಂಬತ್ತು ಅಂದರೆ ಒಂಬತ್ತೇ. ನೀವು ತಡ ಮಾಡಿದಷ್ಟು ನಿಮ್ಮ ಟೂರೇ ಚಿಕ್ಕದಾಗುತ್ತದೆ.

ಕ್ಯಾಶ್ ಮಾಡಿಸಿಕೊಳ್ಳುವ ಅಗತ್ಯ ಇಲ್ಲ. ಎಷ್ಟೋ ಅಂಗಡಿಗಳು ನೋಟು ತೆಗೆದುಕೊಳ್ಳುವುದೇ ಇಲ್ಲ, ಕಾರ್ಡ್ ಇದ್ದರೆ ಆಯಿತು. ಮೆಟ್ರೋ ಗೇಟ್‌ನಲ್ಲೂ ಕಾರ್ಡ್ ತಾಗಿಸಿದರೆ ಸಾಕು. ಒಂದು ಟಿಕೆಟ್ 75 ನಿಮಿಷ ನಡೆಯುತ್ತದೆ. ಸ್ಥಳೀಯರು ಬಳಸುವ ‘ಸ್ವಿಶ್’ ಆ್ಯಪ್‌ಗೆ ಇಲ್ಲಿನ ಬ್ಯಾಂಕ್ ಖಾತೆ ಬೇಕು, ಪ್ರವಾಸಿಗಳಿಗೆ ಅದು ಆಗದು. ಬಾಟಲಿ ಇಟ್ಟುಕೊಳ್ಳಿ, ನಲ್ಲಿ ನೀರು ಕುಡಿಯಲು ಚೆನ್ನಾಗಿದೆ. ಮೆತ್ತನೆಯ ಅಡಿಯ ಶೂ ಹಾಕಿ. ಸೀರೆ ಉಡುವವರು ನೆರಿಗೆ ಸ್ವಲ್ಪ ಮೇಲಕ್ಕೆ ಸಿಕ್ಕಿಸಿದರೆ ಉಬ್ಬುತಗ್ಗಿನ ಕಲ್ಲುಹಾಸಿನಲ್ಲಿ ನಡೆಯಲು ಸಲೀಸು. ಜುಲೈ ಆದರೂ ಗಾಳಿ ತಡೆಯುವ ಜಾಕೆಟ್ ಇರಲಿ.

ರಸ್ತೆ ದಾಟುವಾಗ ಮೊದಲು ಎಡಕ್ಕೆ ನೋಡಿ. ಸ್ವೀಡನ್ನಿನಲ್ಲೂ ಹಿಂದೆ ನಮ್ಮ ಹಾಗೆ ಎಡಬದಿಯಲ್ಲೇ ಗಾಡಿ ಓಡುತ್ತಿತ್ತು. 1967ರ ಸೆಪ್ಟೆಂಬರ್ 3ರಂದು ಒಂದೇ ದಿನದಲ್ಲಿ ಇಡೀ ದೇಶ ಬಲಬದಿಗೆ ಬದಲಾಯಿತು. ಅದಕ್ಕಿಂತ ಜಾಸ್ತಿ ಹುಷಾರು ಬೇಕಾದ್ದು ಸೈಕಲ್ ದಾರಿಯಲ್ಲಿ. ಫುಟ್‌ಪಾತ್ ಪಕ್ಕದಲ್ಲೇ ಇರುತ್ತದೆ, ಸದ್ದಿಲ್ಲದೆ ವೇಗವಾಗಿ ಬರುತ್ತಾರೆ. ಫೋಟೋಗೆ ಅಂತ ಅಲ್ಲಿ ನಿಲ್ಲಬೇಡಿ.

ಹೆಜ್ಜೆ 6: ದಾರಿ, ಮತ್ತು ಎಲ್ಲೆಲ್ಲಿ ನಿಲ್ಲಬೇಕು

ಅರಮನೆಯ ಹೊರಗಿನಿಂದ ಶುರು ಮಾಡಿ. ಇಲ್ಲಿ ಮೊದಲು ‘ಮೂರು ಕಿರೀಟ’ ಎಂಬ ಕೋಟೆ ಇತ್ತು. 1697ರಲ್ಲಿ ಬೆಂಕಿ ಬಿದ್ದು ಸುಟ್ಟುಹೋಯಿತು. ಆಗ ದೊರೆ ಹನ್ನೊಂದನೇ ಕಾರ್ಲ್ ತೀರಿಕೊಂಡು ಅವನ ದೇಹ ಇನ್ನೂ ಒಳಗೇ ಇತ್ತು, ಅದನ್ನು ಹೊರಗೆ ಸಾಗಿಸಬೇಕಾಯಿತು. ಈಗಿನ ಅರಮನೆಗೆ ರಾಜಮನೆತನ ಬಂದದ್ದು 1754ರಲ್ಲಿ. ಬೇಸಿಗೆಯಲ್ಲಿ ವಾರದ ದಿನಗಳಲ್ಲಿ 12:15ಕ್ಕೆ, ಭಾನುವಾರ 13:15ಕ್ಕೆ ಕಾವಲುಗಾರರ ಬದಲಾವಣೆ ನಡೆಯುತ್ತದೆ. ಅದನ್ನು ನೋಡಲು ಗೈಡ್ ಬೇಕಿಲ್ಲ. ಟೂರ್ ಮುಗಿಸಿ ನೀವೇ ಬನ್ನಿ.

ಇಳಿಜಾರಿನ ಎದುರು ಬದಿಯಲ್ಲಿ ಫಿನ್ನಿಶ್ ಚರ್ಚ್. ಅದರ ಹಿಂದಿನ ಅಂಗಳದಲ್ಲಿ ಒಂದು ಕಬ್ಬಿಣದ ಹುಡುಗ ಕೂತಿದ್ದಾನೆ. ಎತ್ತರ ಬರೀ 15 ಸೆಂಟಿಮೀಟರ್. ಮೊಣಕಾಲು ತಬ್ಬಿಕೊಂಡು ಚಂದ್ರನನ್ನು ನೋಡುತ್ತಿದ್ದಾನೆ. ಮಾಡಿದವರು ಶಿಲ್ಪಿ ಲಿಸ್ ಎರಿಕ್ಸನ್. ಜನ ತಲೆ ಸವರಿ ಸವರಿ ಅದು ಹೊಳೆಯುತ್ತದೆ. ಮುಂದೆ ನಾಣ್ಯ, ಚಾಕಲೇಟು ಇಟ್ಟಿರುತ್ತಾರೆ. ಚಳಿಗಾಲದಲ್ಲಿ ಯಾರೋ ಉಣ್ಣೆಯ ಟೋಪಿ ಹೆಣೆದು ತಂದು ಹಾಕುತ್ತಾರೆ. ಮಕ್ಕಳು ಜೊತೆಗಿದ್ದರೆ ಇಲ್ಲಿಂದ ಬೇಗ ಕದಲುವುದಿಲ್ಲ, ಅವಸರ ಮಾಡಬೇಡಿ.

ಪಕ್ಕದ ಸ್ಟೂರ್‌ಶಿರ್ಕಾನ್ ಚರ್ಚಿಗೆ ಟಿಕೆಟ್ ಇದೆ, ಆದರೂ ಒಳಗೆ ಹೋಗಿ. ಕೂರಲು ಜಾಗ ಇದೆ, ಅಮ್ಮಂದಿರಿಗೆ ವಿಶ್ರಾಂತಿಯೂ ಆಗುತ್ತದೆ. ಕುದುರೆ ಏರಿದ ಸೇಂಟ್ ಜಾರ್ಜ್ ಡ್ರ್ಯಾಗನ್ ಕೊಲ್ಲುವ ದೊಡ್ಡ ಮರದ ಶಿಲ್ಪ ಇಲ್ಲಿದೆ, 1489ರದ್ದು. ಗೆದ್ದ ಯುದ್ಧದ ನೆನಪಿಗೆ ಮಾಡಿಸಿದ್ದು. 1535ರಲ್ಲಿ ಆಕಾಶದಲ್ಲಿ ಸೂರ್ಯನ ಸುತ್ತ ಉಂಗುರಗಳು ಕಾಣಿಸಿದ್ದನ್ನು ಬರೆಸಿದ ಚಿತ್ರ ಇನ್ನೊಂದು. ಈಗ ತೂಗುಹಾಕಿರುವುದು 1630ರ ದಶಕದ ಪ್ರತಿ. ಅದರಲ್ಲಿ ಇಡೀ ಊರು ಈ ಒಂದು ದ್ವೀಪದಷ್ಟೇ ಇದೆ. ಚಿತ್ರದಲ್ಲಿರುವ ಚರ್ಚನ್ನು ತೋರಿಸಿ, ‘ಈಗ ಇದರೊಳಗೇ ನಿಂತಿದ್ದೀವಿ’ ಅಂತ ಹೇಳಿ ನೋಡಿ.

ಅಲ್ಲಿಂದ ಎರಡು ನಿಮಿಷಕ್ಕೆ ಸ್ಟೂರ್‌ಟೋರ್ಯೆಟ್ ಚೌಕ. 1520ರ ನವೆಂಬರ್‌ನಲ್ಲಿ ಎರಡನೇ ಕ್ರಿಶ್ಚಿಯನ್ ಇಲ್ಲಿ ಸುಮಾರು ಎಂಬತ್ತು, ತೊಂಬತ್ತು ಜನರ ತಲೆ ತೆಗೆಸಿದ. ಬಿಷಪ್ಪರು, ಶ್ರೀಮಂತರು, ಊರಿನ ವ್ಯಾಪಾರಿಗಳು. ಅದರ ಸಿಟ್ಟಿನ ಅಲೆಯ ಮೇಲೆಯೇ ಗುಸ್ತಾವ್ ವಾಸಾ ಎದ್ದದ್ದು. ಇವನ ಅಪ್ಪನೂ ಅವತ್ತು ಸತ್ತವರಲ್ಲಿ ಒಬ್ಬ.

ನಿಮ್ಮ ಗೈಡ್ ಎಂಥವರು ಅಂತ ಗೊತ್ತಾಗುವುದು ಇಲ್ಲೇ. ಚೌಕದಲ್ಲಿ ಕೆಂಪು ಬಣ್ಣದ ಮನೆ ಇದೆ, ಮುಖದ ತುಂಬ ಬಿಳಿ ಕಲ್ಲುಗಳು. ಒಂದೊಂದು ಕಲ್ಲೂ ತಲೆ ಹೋದ ಒಬ್ಬೊಬ್ಬರ ಲೆಕ್ಕ ಅಂತ ಹೇಳುತ್ತಾರೆ. ಕೇಳಲು ಮೈ ಜುಮ್ಮೆನ್ನುತ್ತದೆ. ಆದರೆ ಮನೆಗೆ ಈ ರೂಪ ಬಂದದ್ದು 1650ರ ಹೊತ್ತಿಗೆ, ಕೊಲೆಗಳು ನಡೆದು ನೂರು ವರ್ಷದ ಮೇಲಾದ ನಂತರ. ಕಥೆ ಹೇಳಿ, ಆಮೇಲೆ ಅದು ಬರೀ ಕಥೆ ಅಂತಲೂ ಹೇಳುವ ಗೈಡ್ ಸಿಕ್ಕರೆ ನಿಮ್ಮ ದುಡ್ಡು ಸರಿಯಾದ ಕಡೆ ಹೋಗಿದೆ. ಸಂಶಯ ಬಂದಾಗ ‘ಇದು ಕಥೆಯೋ, ದಾಖಲೆ ಇದೆಯೋ?’ ಅಂತ ಕೇಳಿ. ಅವರು ಬೇಜಾರು ಮಾಡಿಕೊಳ್ಳುವುದಿಲ್ಲ. ಇಂಥ ಪ್ರಶ್ನೆ ಕೇಳುವವರು ಸಿಕ್ಕರೆ ಗೈಡ್‌ಗಳಿಗೂ ಹುರುಪು ಬರುತ್ತದೆ.

ಅದೇ ಚೌಕದಲ್ಲಿ ನೊಬೆಲ್ ಮ್ಯೂಸಿಯಂ. ಅಮರ್ತ್ಯ ಸೇನ್ ಅವರ ಸೈಕಲ್ ಇಲ್ಲಿನ ಸಂಗ್ರಹದಲ್ಲಿದೆ. ಕೆಫೆಯ ಕುರ್ಚಿಗಳನ್ನು ಮಗುಚಿ ನೋಡಿದರೆ ಅಡಿಯಲ್ಲಿ ನೊಬೆಲ್ ಪಡೆದವರ ಸಹಿಗಳಿರುತ್ತವೆ. ಕಾಫಿಗೆ ಕೂರಲು ಇದೇ ಒಳ್ಳೆಯ ಜಾಗ, ಗೈಡನ್ನೂ ಕರೆಯಿರಿ. ಕಾಫಿಯ ಜೊತೆಗೆ ದಾಲ್ಚಿನ್ನಿ ಬನ್ ತಿನ್ನುವುದು ಇಲ್ಲಿನ ರೂಢಿ. ಆದರೆ ಬನ್‌ನ ಮೇಲೆ ಹೊಳಪಿಗೆ ಮೊಟ್ಟೆ ಹಚ್ಚುವುದು ಸಾಮಾನ್ಯ. ಮೊಟ್ಟೆ ಮುಟ್ಟದವರು ಕೇಳಿಯೇ ತೆಗೆದುಕೊಳ್ಳಿ. ಟಾಯ್ಲೆಟ್ ಕೆಲಸವನ್ನೂ ಇಲ್ಲೇ ಮುಗಿಸಿಕೊಳ್ಳಿ, ಮುಂದೆ ಓಣಿಗಳಲ್ಲಿ ಸುಲಭಕ್ಕೆ ಸಿಗುವುದಿಲ್ಲ.

ಆಮೇಲೆ ಪ್ರೆಸ್ಟ್‌ಗಾತಾನ್ ಬೀದಿ ಹಿಡಿಯಿರಿ. ಸಮಾನಾಂತರವಾಗಿ ಹೋಗುವ ವೆಸ್ಟರ್‌ಲೋಂಗ್‌ಗಾತಾನ್ ಪೂರ್ತಿ ಅಂಗಡಿ ಬೀದಿ, ಜನಜಂಗುಳಿ. ಪ್ರೆಸ್ಟ್‌ಗಾತಾನ್ ಶಾಂತ. ಅದು ಕೋಕ್‌ಬ್ರಿಂಕೆನ್ ಓಣಿಯನ್ನು ಸೇರುವ ಮೂಲೆಯಲ್ಲಿ ನಿಲ್ಲಿ. ಮನೆಯ ಗೋಡೆಯ ಬುಡದಲ್ಲಿ ಒಂದು ವೈಕಿಂಗ್ ಕಾಲದ ಶಾಸನದ ತುಂಡು ಇದೆ. ಊರು ಹುಟ್ಟುವ ಮೊದಲಿನದು. ಯಾರೋ ಅದನ್ನು ಬೇರೆ ಕಡೆಯಿಂದ ತಂದು, ಮಾಮೂಲಿ ಕಲ್ಲಿನ ಹಾಗೆ ಗೋಡೆಗೆ ಸೇರಿಸಿ ಕಟ್ಟಿಬಿಟ್ಟಿದ್ದಾರೆ. ಪಕ್ಕದಲ್ಲಿ ಹಳೆಯ ತೋಪಿನ ನಳಿಗೆ ನೆಟ್ಟಿದ್ದಾರೆ, ಗಾಡಿಯ ಚಕ್ರ ಮೂಲೆಗೆ ಉಜ್ಜಬಾರದು ಅಂತ. ಶಾಸನದಲ್ಲಿರುವುದು ಇಷ್ಟೇ: ತೂರ್‌ಸ್ಟೆನ್ ಮತ್ತು ಫ್ರೊಗುನ್ ಎಂಬ ದಂಪತಿ ತಮ್ಮ ಮಗನ ನೆನಪಿಗೆ ಈ ಕಲ್ಲು ನಿಲ್ಲಿಸಿದರು. ನಮ್ಮ ಊರುಗಳಲ್ಲಿ ವೀರಗಲ್ಲು ನೋಡಿ ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಅಪ್ಪ ಅಮ್ಮಂದಿರು ಅರಮನೆಗಿಂತ ಹೆಚ್ಚು ಹೊತ್ತು ನೋಡುವುದು ಈ ಕಲ್ಲನ್ನೇ.

ಬೀದಿಯ ಕೊನೆಗೆ ಮೋರ್ಟೆನ್ ಟ್ರೋಟ್ಸಿಗ್ ಓಣಿ, ಊರಿನಲ್ಲೇ ಅತಿ ಕಿರಿದು. ತೀರಾ ಕಿರಿದಾದ ಕಡೆ ಅಗಲ 90 ಸೆಂಟಿಮೀಟರ್. 36 ಮೆಟ್ಟಿಲು. ಮೇಲಿನಿಂದ ಕೆಳಗೆ ಇಳಿಯುವ ಹಾಗೆ ದಾರಿ ಮಾಡಿಸಿಕೊಳ್ಳಿ. ಮಂಡಿನೋವಿನವರು ಮೇಲೆ ನಿಂತು ನೋಡಿ, ಸುತ್ತಿಕೊಂಡು ಬರಲಿ.

ಕಾಲಲ್ಲಿ ಇನ್ನೂ ಶಕ್ತಿ ಇದ್ದರೆ ಸೇತುವೆ ದಾಟಿ ರಿದ್ದಾರ್‌ಹೋಲ್ಮೆನ್. ದೊರೆಗಳ ಸಮಾಧಿ ಇರುವ ಚರ್ಚ್ ಅಲ್ಲಿದೆ. ದ್ವೀಪದ ಅಂಚಿಗೆ ಹೋದರೆ ನೀರಿನಾಚೆ ಸಿಟಿ ಹಾಲ್ ಕಾಣುತ್ತದೆ: 1923ರಲ್ಲಿ ಉದ್ಘಾಟನೆಯಾದ ಇಟ್ಟಿಗೆಯ ಕಟ್ಟಡ, 106 ಮೀಟರ್ ಗೋಪುರ, ತುದಿಯಲ್ಲಿ ಮೂರು ಕಿರೀಟ. ಪ್ರತಿವರ್ಷ ಡಿಸೆಂಬರ್ 10ರಂದು ನೊಬೆಲ್ ಔತಣ ನಡೆಯುವುದು ಅಲ್ಲಿ. ಫೋಟೋಗೆ ಇದಕ್ಕಿಂತ ಒಳ್ಳೆಯ ಜಾಗ ಬೇಕಿಲ್ಲ.

ಒಂದು ಬೇರೆ ದಾರಿಯನ್ನೂ ಹೇಳುತ್ತೇನೆ. ವಿಜ್ಞಾನದಲ್ಲಿ ಆಸಕ್ತಿ ಇರುವವರು ರಿದ್ದಾರ್‌ಹೋಲ್ಮೆನ್ ಬಿಟ್ಟು ಹೊಟೋರ್ಯೆಟ್ ಚೌಕಕ್ಕೆ ಹೋಗಿ ಅಂತ ಗೈಡ್‌ಗೆ ಮೊದಲೇ ತಿಳಿಸಿ. ಅಲ್ಲಿನ ನೀಲಿ ಕಟ್ಟಡ ಕೊನ್ಸರ್ಟ್‌ಹೂಸೆಟ್. 1930ರ ಡಿಸೆಂಬರ್‌ನಲ್ಲಿ ಸಿ.ವಿ. ರಾಮನ್ ಭೌತಶಾಸ್ತ್ರದ ನೊಬೆಲ್ ಪಡೆದದ್ದು ಇದರೊಳಗೆ. ಮೂರು ವರ್ಷದ ನಂತರ ಅವರು ಬೆಂಗಳೂರಿಗೆ ಬಂದು ಟಾಟಾ ಇನ್‌ಸ್ಟಿಟ್ಯೂಟ್‌ನ ನಿರ್ದೇಶಕರಾದರು, ಕೊನೆಯವರೆಗೆ ಬೆಂಗಳೂರಿನಲ್ಲೇ ಉಳಿದರು. ಎದುರಿನ ಚೌಕದಲ್ಲಿ ಹಣ್ಣು, ತರಕಾರಿ, ಹೂವಿನ ಸಂತೆ ನಡೆಯುತ್ತದೆ.

ಹೆಜ್ಜೆ 7: ಮುಗಿದ ಮೇಲೆ

ಟಿಪ್ ಕೊಡಲೇಬೇಕು ಅಂತ ಇಲ್ಲಿ ಇಲ್ಲ. ತುಂಬಾ ಹಿಡಿಸಿದರೆ ಕೊಡಿ. ಅದಕ್ಕಿಂತ ಅವರಿಗೆ ಉಪಯೋಗ ಆಗುವುದು, ಯಾವ ಜಾಗದ ಯಾವ ಮಾತು ಇಷ್ಟವಾಯಿತು ಅಂತ ನಾಲ್ಕು ಸಾಲಿನ ರಿವ್ಯೂ.

ಹೊರಡುವ ಮುಂಚೆ ಒಂದು ಪ್ರಶ್ನೆ ಕೇಳಿ: ‘ಇಲ್ಲಿ ಹತ್ತಿರದಲ್ಲಿ ನೀವು ಎಲ್ಲಿ ಊಟ ಮಾಡುತ್ತೀರಿ?’ ಇಲ್ಲಿನ ಹೋಟೆಲುಗಳು ವಾರದ ದಿನಗಳಲ್ಲಿ ಮಧ್ಯಾಹ್ನ ಕಡಿಮೆ ದರದ ಊಟ ಇಟ್ಟಿರುತ್ತವೆ, ಅದರಲ್ಲಿ ಒಂದು ಸಸ್ಯಾಹಾರ ಸಾಮಾನ್ಯವಾಗಿ ಇರುತ್ತದೆ. ಬೀದಿಬದಿಯ ಬೋರ್ಡ್ ನೋಡಿ ಹೋಗುವುದಕ್ಕಿಂತ ಗೈಡ್ ಹೇಳಿದ ಕಡೆ ಹೋಗುವುದು ಮೇಲು.

ಊಟ ಆದ ಮೇಲೆ ಒಂದು ಗಂಟೆ ಕೂತು ದಣಿವಾರಿಸಿಕೊಳ್ಳಿ. ಆಮೇಲೆ ಸ್ಲುಸ್ಸೆನ್ ಹತ್ತಿರದ ದೋಣಿ ನಿಲ್ದಾಣಕ್ಕೆ ನಡೆದು, 82ನೇ ನಂಬರಿನ ದೋಣಿ ಹತ್ತಿ. ಮೆಟ್ರೋ ಟಿಕೆಟ್ಟೇ ಇದಕ್ಕೂ ನಡೆಯುತ್ತದೆ. ಸ್ವಲ್ಪ ಹೊತ್ತಿನಲ್ಲೇ ಯೂರ್‌ಗೋರ್ಡೆನ್ ದ್ವೀಪ. ಅಲ್ಲಿಂದ ವಾಸಾ ಮ್ಯೂಸಿಯಂಗೆ ನಡೆದೇ ಹೋಗಬಹುದು. 1628ರ ಆಗಸ್ಟ್ 10ರಂದು ಮೊದಲ ಪ್ರಯಾಣದಲ್ಲೇ ಒಂದೂಕಾಲು ಕಿಲೋಮೀಟರ್ ಚಿಲ್ಲರೆ ಹೋಗಿ ಮುಳುಗಿದ ವಾಸಾ ಹಡಗು ಅಲ್ಲಿದೆ, 1961ರಲ್ಲಿ ಮೇಲೆತ್ತಿದ್ದು. 18 ವರ್ಷ ತುಂಬದವರಿಗೆ ಟಿಕೆಟ್ ಇಲ್ಲ. ಇಂಗ್ಲಿಷ್ ಟೂರ್ ಎಷ್ಟು ಹೊತ್ತಿಗೆ ಅಂತ ಬಾಗಿಲಲ್ಲೇ ಕೇಳಿಕೊಳ್ಳಿ. ಮರ ಕೆಡದಿರಲಿ ಅಂತ ಒಳಗೆ ಬೆಳಕು ಕಡಿಮೆ, ತಂಪೂ ಇರುತ್ತದೆ. ಜಾಕೆಟ್ ಕೈಯಲ್ಲಿರಲಿ.